ಬುಕಾರೆಸ್ಟಿನ ಅರಮನೆಯ ಬಗ್ಗೆ ಬರೆಯುವ ಕನ್ನಡದ ಪ್ರವಾಸಿಗರಿಗೆ ಒಂದು ಬಹಿರಂಗ ಪತ್ರ

ಮಾನ್ಯರೇ,

ರೊಮೇನಿಯಾ 2025ರ ಜನವರಿ 1ರಂದು, ಒಂದೇ ವೀಸಾದಲ್ಲಿ ಹಲವು ದೇಶ ಸುತ್ತಬಹುದಾದ ಷೆಂಗೆನ್ ವಲಯದ ಪೂರ್ಣ ಸದಸ್ಯ ದೇಶವಾದ ಮೇಲೆ ಯುರೋಪಿಗೆ ಹೋಗುವ ನಮ್ಮವರಿಗೆ ಅದರ ರಾಜಧಾನಿ ಬುಕಾರೆಸ್ಟ್ ಹತ್ತಿರವಾಗಿದೆ. ಜರ್ಮನಿಯಲ್ಲೋ ನೆದರ್ಲೆಂಡ್ಸಿನಲ್ಲೋ ಕೆಲಸದಲ್ಲಿರುವ ಮಕ್ಕಳ ಮನೆಗೆ ಹೋದ ತಂದೆತಾಯಿಗಳು, ಪ್ಯಾರಿಸ್ಸು ರೋಮುಗಳ ದುಬಾರಿ ಬಿಲ್ಲಿಗೆ ಬೇಸತ್ತ ಯುವಕರು, ಅದೇ ವೀಸಾದಲ್ಲಿ ಅಲ್ಲಿಗೂ ಒಂದು ಸುತ್ತು ಹೋಗಿ ಬರುತ್ತಿದ್ದಾರೆ. ಬಂದವರಲ್ಲಿ ಕೆಲವರು ಪ್ರವಾಸ ಲೇಖನ ಬರೆಯುತ್ತಾರೆ, ಕೆಲವರು ವಿಡಿಯೋ ಮಾಡಿ ಹಾಕುತ್ತಾರೆ. ಇವುಗಳಲ್ಲಿ ತಪ್ಪದೆ ಬರುವ ಕಟ್ಟಡವೆಂದರೆ ಊರಿನ ನಡುವಿನ ದಿಬ್ಬದ ಮೇಲೆ ಕೂತಿರುವ, ಅರಮನೆ ಎಂದೇ ಕರೆಸಿಕೊಳ್ಳುವ ಸಂಸತ್ ಭವನ. ಅದನ್ನು ಪರಿಚಯಿಸುವ ರೀತಿಯೂ ಹೆಚ್ಚುಕಡಿಮೆ ಒಂದೇ: ಜಗತ್ತಿನ ಅತಿ ಭಾರದ ಕಟ್ಟಡ, ಇಷ್ಟು ಸಾವಿರ ಕೋಣೆ, ಇಷ್ಟು ಟನ್ ಸ್ಫಟಿಕ, ಇಷ್ಟು ಅಮೃತಶಿಲೆ, ಕೊನೆಯಲ್ಲಿ ಕಟ್ಟಿಸಿದ ಸರ್ವಾಧಿಕಾರಿಯ ಬಗ್ಗೆ ಒಂದೆರಡು ತಮಾಷೆಯ ಸಂಗತಿ.

ಈ ಕ್ರಮವನ್ನು ತಿರುಗಿಸಿ ಎಂದು ಕೇಳಲು ಈ ಪತ್ರ ಬರೆಯುತ್ತಿದ್ದೇನೆ. ಕಟ್ಟಡದ ಅಳತೆಗಿಂತ ಮೊದಲು ಅದರ ಅಡಿಯಲ್ಲಿ ಇದ್ದ ಊರಿನ ಮಾತು ಬರಲಿ. ಅಳತೆಗಳನ್ನು ಹೇಳಲೇಬೇಕೆಂದರೆ ಅವು ಯಾರ ಬಾಯಿಂದ ಹೊರಟವು ಎಂಬ ಅನುಮಾನದೊಂದಿಗೆ ಹೇಳಿ. ಕೆಲಸದ ಆಯುಷ್ಯವನ್ನೆಲ್ಲ ಸರ್ಕಾರಿ ಕಟ್ಟಡಗಳ ಕಾಮಗಾರಿ ನೋಡಿಕೊಳ್ಳುವುದರಲ್ಲಿ ಕಳೆದ ಎಂಜಿನಿಯರ್ ನಾನು. ಆದ್ದರಿಂದ ಅಳತೆಯಿಂದಲೇ ಆರಂಭಿಸುತ್ತೇನೆ.

ಗಿನ್ನೆಸ್ ದಾಖಲೆಯ ಪ್ರಕಾರ ಈ ಕಟ್ಟಡದ ತೂಕ ಸುಮಾರು 41 ಲಕ್ಷ ಟನ್. ಎಲ್ಲ ಅಂತಸ್ತುಗಳೂ ಸೇರಿ ನೆಲದ ವಿಸ್ತೀರ್ಣ 3,65,000 ಚದರ ಮೀಟರ್ ಎನ್ನಲಾಗುತ್ತದೆ. ಒಂದನ್ನು ಇನ್ನೊಂದರಿಂದ ಭಾಗಿಸಿದರೆ ಚದರ ಮೀಟರಿಗೆ 11 ಟನ್ನಿಗೂ ಹೆಚ್ಚು ಬರುತ್ತದೆ. ಸಾಮಾನ್ಯ ಬಹುಮಹಡಿ ಕಾಂಕ್ರೀಟ್ ಕಟ್ಟಡದಲ್ಲಿ ಈ ಅಂಕಿ ಒಂದರಿಂದ ಒಂದೂವರೆ ಟನ್ನಿನ ಆಸುಪಾಸಿನಲ್ಲಿರುತ್ತದೆ. ಗೋಡೆ ಎಷ್ಟೇ ದಪ್ಪವಿರಲಿ, ನೆಲಮಾಳಿಗೆ ಎಷ್ಟೇ ಆಳವಿರಲಿ, ಕನಿಷ್ಠ ಏಳೆಂಟು ಪಟ್ಟಿನ ಅಂತರ ನನಗೆ ಸುಲಭವಾಗಿ ಗಂಟಲಲ್ಲಿ ಇಳಿಯುವುದಿಲ್ಲ. ಇನ್ನೊಂದು ಜನಪ್ರಿಯ ಲೆಕ್ಕ ನೋಡಿ: 10 ಲಕ್ಷ ಘನ ಮೀಟರ್ ಅಮೃತಶಿಲೆ, 9 ಲಕ್ಷ ಘನ ಮೀಟರ್ ಮರ. ಕಟ್ಟಡದ ಒಟ್ಟು ಗಾತ್ರವೇ, ಒಳಗಿನ ಖಾಲಿ ಗಾಳಿಯನ್ನೂ ಸೇರಿಸಿ, 25.5 ಲಕ್ಷ ಘನ ಮೀಟರ್ ಎಂದು ಅದೇ ಬರಹಗಳು ಹೇಳುತ್ತವೆ. ಹಾಗಾದರೆ ಕಟ್ಟಡದ ಮುಕ್ಕಾಲು ಪಾಲು ಕಲ್ಲು ಮತ್ತು ಮರದಿಂದಲೇ ತುಂಬಿಹೋಗಬೇಕು. ಕಾಂಕ್ರೀಟಿಗೆ, ಉಕ್ಕಿಗೆ, ಸಭಾಂಗಣಗಳಿಗೆ, ಓಡಾಡುವ ಮನುಷ್ಯರಿಗೆ ಉಳಿಯುವುದು ಕಾಲು ಪಾಲು. ನೆಲಕ್ಕೂ ಗೋಡೆಗೂ ಹಾಸಿದ ಕಲ್ಲಿನ ಚದರ ಮೀಟರ್ ಯಾವುದೋ ಕಚೇರಿಯಲ್ಲಿ ಘನ ಮೀಟರ್ ಆಗಿ ಬಡ್ತಿ ಪಡೆದಿರಬೇಕು. ನಮ್ಮಲ್ಲಿ ಒಂದು ತಾಲ್ಲೂಕು ಕಚೇರಿಯ ಕಾಂಪೌಂಡ್ ಗೋಡೆಗೂ ಅಳತೆ ಪುಸ್ತಕ ಇರುತ್ತದೆ. ಇಂಥ ನಮೂದನ್ನು ಕಂಡರೆ ಲೆಕ್ಕ ತಪಾಸಣೆಯವರು ಕೆಂಪು ಶಾಯಿಯಲ್ಲಿ ಸುತ್ತು ಹಾಕಿ ವಾಪಸು ಕಳಿಸುತ್ತಾರೆ. ಬುಕಾರೆಸ್ಟಿನ ಅಂಕಿಗಳನ್ನು ಹಾಗೆ ವಾಪಸು ಕಳಿಸುವವರು ಆ ಕಾಲದಲ್ಲಿ ಯಾರೂ ಇರಲಿಲ್ಲ. ಇಂದು ನಾವು ಅವನ್ನೇ ಬೆರಗಿನಿಂದ ನಕಲು ಮಾಡುತ್ತಿದ್ದೇವೆ.

ತೂಕವು ಸರಿಯಾಗಿಯೇ ಇದ್ದರೂ ಅದರಲ್ಲಿ ಹೆಮ್ಮೆಪಡುವಂಥದ್ದು ಏನಿದೆ ಎಂಬುದು ಬೇರೆಯ ಪ್ರಶ್ನೆ. ಕಟ್ಟಡ ಕಟ್ಟುವವನ ಜಾಣತನವೆಲ್ಲ ಕಡಿಮೆ ಸಾಮಗ್ರಿಯಲ್ಲಿ ಹೆಚ್ಚು ಜಾಗವನ್ನು, ಹೆಚ್ಚು ಕಾಲ, ಸುರಕ್ಷಿತವಾಗಿ ನಿಲ್ಲಿಸುವುದರಲ್ಲಿದೆ. ಭೂಕಂಪದ ಊರಿನಲ್ಲಂತೂ ಭಾರ ಹೆಚ್ಚಿದಷ್ಟೂ ಅಲುಗಾಟದ ಬಲ ಹೆಚ್ಚುತ್ತದೆ ಎಂಬುದು ಡಿಪ್ಲೊಮಾ ತರಗತಿಯ ಪಾಠ. ಬುಕಾರೆಸ್ಟ್ ಅಂಥ ಊರು.

ಈ ಕಟ್ಟಡದ ಕಥೆಯೂ ಒಂದು ಭೂಕಂಪದ ಜೊತೆ ಹೆಣೆದುಕೊಂಡಿದೆ. 1977ರ ಮಾರ್ಚ್ 4ರ ರಾತ್ರಿ ವ್ರಾನ್ಚಾ ಪ್ರದೇಶದಲ್ಲಿ ಎದ್ದ ಭೂಕಂಪದಲ್ಲಿ ರೊಮೇನಿಯಾದಲ್ಲಿ 1,500ಕ್ಕೂ ಹೆಚ್ಚು ಜನ ಸತ್ತರು. ಅವರಲ್ಲಿ ಬಹುಪಾಲು ಬುಕಾರೆಸ್ಟಿನವರು. ಅರಮನೆ ಕಟ್ಟಿಸಿದ ಸರ್ವಾಧಿಕಾರಿ ನಿಕೊಲಾಯ್ ಚೌಶೆಸ್ಕು ಅಷ್ಟರಲ್ಲಿ ಹನ್ನೆರಡು ವರ್ಷಗಳಿಂದ ಕಮ್ಯುನಿಸ್ಟ್ ಪಕ್ಷದ ಮುಖ್ಯಸ್ಥ. 1971ರಲ್ಲಿ ಚೀನಾ ಮತ್ತು ಉತ್ತರ ಕೊರಿಯಾಗಳಿಗೆ ಹೋಗಿ ಬಂದಿದ್ದ ಆತನ ತಲೆಯಲ್ಲಿ ಪ್ಯೊಂಗ್ಯಾಂಗಿನ ಅಗಲವಾದ ಹೆದ್ದಾರಿಗಳೂ, ಒಂದೇ ಅಳತೆಯ ಕಟ್ಟಡಗಳ ಸಾಲುಗಳೂ, ನಾಯಕನ ಮುಂದೆ ಲಕ್ಷ ಜನ ನಿಲ್ಲುವ ಚೌಕಗಳೂ ಕೂತುಬಿಟ್ಟಿದ್ದವು. ಭೂಕಂಪದಿಂದ ಬಿರುಕು ಬಿಟ್ಟ ಮನೆಗಳನ್ನು ದುರಸ್ತಿ ಮಾಡುವ ಕೆಲಸ ಬೇಗ ಹಿಂದೆ ಸರಿಯಿತು. ನಗರದ ಮಧ್ಯಭಾಗವನ್ನೇ ಒಡೆದು ಹೊಸ ಕೇಂದ್ರ ಕಟ್ಟುವ ಯೋಜನೆ ಮುಂದೆ ಬಂತು. ಗಟ್ಟಿ ನೆಲ ಬೇಕು ಎಂಬ ನೆಪದಲ್ಲಿ ಆಯ್ಕೆಯಾದದ್ದು ದಂಬೋವಿತ್ಸಾ ನದಿಯ ಪಕ್ಕದ ದಿಬ್ಬ. ಭೂಕಂಪಕ್ಕೆ ಹೆಚ್ಚುಕಡಿಮೆ ಜಗ್ಗದೆ ನಿಂತಿದ್ದ ಬಡಾವಣೆಯೊಂದು, ಹಾಗೆ ನಿಂತ ಕಾರಣಕ್ಕೇ, ನೆಲಸಮವಾಗಬೇಕಾಯಿತು.

ಆ ಬಡಾವಣೆಯ ಹೆಸರು ಉರಾನುಸ್. ದಯವಿಟ್ಟು ಈ ಹೆಸರನ್ನು ನಿಮ್ಮ ಬರಹದಲ್ಲಿ ಒಮ್ಮೆಯಾದರೂ ತನ್ನಿ. ಇಳಿಜಾರಿನ ಕಲ್ಲುಹಾಸಿನ ಬೀದಿಗಳು, ಹಿತ್ತಿಲಿದ್ದ ಒಂದೆರಡು ಅಂತಸ್ತಿನ ಮನೆಗಳು, ದ್ರಾಕ್ಷಿ ಚಪ್ಪರಗಳು, ಚರ್ಚುಗಳು, ಶಾಲೆಗಳು, 1920ರ ದಶಕದಲ್ಲಿ ಕಟ್ಟಿದ ಒಂದು ಕ್ರೀಡಾಂಗಣ, ಇವೆಲ್ಲ ಅಲ್ಲಿದ್ದವು. ಹೊಸ ಕೇಂದ್ರಕ್ಕಾಗಿ ನಗರದ ಸುಮಾರು 7 ಚದರ ಕಿಲೋಮೀಟರ್ ಒಡೆಯಲಾಯಿತು. ಮನೆ ಕಳೆದುಕೊಂಡವರ ಸಂಖ್ಯೆ ಸುಮಾರು 40,000 ಎಂಬುದು ಸಾಮಾನ್ಯವಾಗಿ ಉಲ್ಲೇಖವಾಗುವ ಲೆಕ್ಕ. ಖಾಲಿ ಮಾಡಲು ಸಿಕ್ಕ ಕಾಲಾವಕಾಶ ಎಷ್ಟೋ ಕುಟುಂಬಗಳಿಗೆ ಕೆಲವೇ ದಿನ. ಅವರನ್ನು ಊರಂಚಿನ, ಕಾಮಗಾರಿ ಮುಗಿಯದ ಫ್ಲ್ಯಾಟುಗಳಿಗೆ ಕಳಿಸಲಾಯಿತು. ಹಿತ್ತಿಲಿನ ಮನೆಯಿಂದ ಎಂಟನೇ ಮಹಡಿಯ ಎರಡು ಕೋಣೆಗೆ ಹೋಗುವವರು ನಾಯಿಯನ್ನು ಕರೆದೊಯ್ಯಲಾಗದೆ ಬೀದಿಯಲ್ಲೇ ಬಿಟ್ಟರು. ಮುಂದೆ ದಶಕಗಳ ಕಾಲ ಬುಕಾರೆಸ್ಟನ್ನು ಕಾಡಿದ ಬೀದಿ ನಾಯಿಗಳ ಸಮಸ್ಯೆಯ ಮೂಲ ಇಲ್ಲಿದೆ ಎಂದು ಊರಿನ ಜನ ಹೇಳುತ್ತಾರೆ. ಬೀದಿ ನಾಯಿಗಳ ಬಗ್ಗೆ ಹಾಸ್ಯವಾಗಿ ಬರೆಯುವ ಪ್ರವಾಸಿಗರು ಇದನ್ನೂ ತಿಳಿದಿದ್ದರೆ ಒಳ್ಳೆಯದು.

ಒಡೆದದ್ದು ಮನೆಗಳನ್ನಷ್ಟೇ ಅಲ್ಲ. 19ನೆಯ ಶತಮಾನದ ಬ್ರಿಂಕೊವೆನೆಸ್ಕ್ ಆಸ್ಪತ್ರೆ 1984ರಲ್ಲಿ ಹೋಯಿತು. ಆ ಕೇಂದ್ರದಿಂದ ಆಚೆಗಿದ್ದರೂ ಮತ್ತೊಂದು ಸರ್ಕಾರಿ ಸಂಕೀರ್ಣದ ಹೆಸರಿನಲ್ಲಿ 18ನೆಯ ಶತಮಾನದ ವಕರೆಷ್ಟಿ ಮಠವನ್ನು 1980ರ ದಶಕದಲ್ಲಿ ಕೆಡವಲಾಯಿತು; ಗೋಡೆಚಿತ್ರಗಳಿಗೂ ಕಲ್ಲುಗಂಬಗಳಿಗೂ ಹೆಸರಾಗಿದ್ದ ಆ ಮಠ ಆಗ್ನೇಯ ಯುರೋಪಿನ ದೊಡ್ಡ ಮಠಗಳಲ್ಲಿ ಒಂದಾಗಿತ್ತು. ಉದ್ದೇಶಿಸಿದ್ದ ಸಂಕೀರ್ಣ ಮೇಲೇಳಲೇ ಇಲ್ಲ.

ಇಷ್ಟರ ನಡುವೆ, ನನ್ನ ವೃತ್ತಿಯವನೊಬ್ಬ ಮಾಡಿದ ಕೆಲಸವನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಇದನ್ನು ಬಿಟ್ಟು ಬುಕಾರೆಸ್ಟಿನ ಎಂಜಿನಿಯರಿಂಗ್ ಅದ್ಭುತದ ಬಗ್ಗೆ ಮಾತಾಡುವುದು ಅನ್ಯಾಯ. ಎವುಜೆನಿಯು ಯೊರ್ದಾಕೆಸ್ಕು ಎಂಬ ಸಿವಿಲ್ ಎಂಜಿನಿಯರ್, ಕೆಡವಲು ಗುರುತು ಹಾಕಿದ ಚರ್ಚುಗಳನ್ನು ಇಡಿಯಾಗಿ ಎತ್ತಿ ಬೇರೆಡೆ ಇಡಬಹುದು ಎಂದು ಮೇಲಿನವರನ್ನು ಒಪ್ಪಿಸಿದ. ವಿಧಾನ ಹೀಗೆ: ಮೊದಲು ಗೋಡೆಗಳ ಬುಡವನ್ನು ಸ್ವಲ್ಪ ಸ್ವಲ್ಪವೇ ಬಿಡಿಸಿ, ಒಳಗೂ ಹೊರಗೂ ಕಾಂಕ್ರೀಟ್ ತೊಲೆಗಳನ್ನು ಕಟ್ಟಿ, ಇಡೀ ಕಟ್ಟಡ ಒಂದು ಗಟ್ಟಿ ತಟ್ಟೆಯ ಮೇಲೆ ಕೂರುವಂತೆ ಮಾಡುವುದು, ಆಮೇಲೆ ಹಳೆಯ ಅಡಿಪಾಯದಿಂದ ಅದನ್ನು ಕತ್ತರಿಸಿ, ಜಾಕುಗಳಿಂದ ಎತ್ತಿ, ಕೆಳಗೆ ಹಳಿ ಹಾಸಿ, ನಮ್ಮೂರ ತೇರು ಎಳೆದ ಹಾಗೆ ನಿಧಾನವಾಗಿ, ಓರೆಯಾಗದಂತೆ, ಹೊಸ ಅಡಿಪಾಯದವರೆಗೆ ಸಾಗಿಸುವುದು. ಶತಮಾನಗಳ ಹಿಂದಿನ ಇಟ್ಟಿಗೆ ಗಾರೆಯ ಗೋಡೆಗೆ ಎಳೆತದ ಬಲ ತಡೆಯುವ ಶಕ್ತಿ ಇರುವುದಿಲ್ಲ. ಒಂದು ಮೂಲೆ ಬೆರಳಿನಗಲ ಕುಸಿದರೂ ಮೇಲಿನ ಕಮಾನು ಬಾಯಿ ಬಿಡುತ್ತದೆ. 1982ರಲ್ಲಿ ಸ್ಕಿತುಲ್ ಮೈಚಿಲೊರ್ ಚರ್ಚನ್ನು 245 ಮೀಟರ್ ದೂರ ಹೀಗೆ ಸಾಗಿಸಲಾಯಿತು. 1985ರಲ್ಲಿ ಮಿಹೈ ವೋದಾ ಚರ್ಚು, 16ನೆಯ ಶತಮಾನದ ಕೊನೆಯಲ್ಲಿ ಅರಸ ವೀರ ಮಿಹೈ ಕಟ್ಟಿಸಿದ್ದು, ತನ್ನ ಗಂಟೆಗೋಪುರದ ಸಮೇತ ದಿಬ್ಬದಿಂದ ಇಳಿದು 289 ಮೀಟರ್ ಪ್ರಯಾಣ ಮಾಡಿತು. ಅದರ ಸುತ್ತಲಿದ್ದ ಮಠದ ಉಳಿದ ಕಟ್ಟಡಗಳು ಹುಡಿಯಾದವು. ಹೀಗೆ ಹತ್ತಕ್ಕೂ ಹೆಚ್ಚು ಚರ್ಚುಗಳು ಉಳಿದುಕೊಂಡವು. ಇದೇ ವಿಧಾನದಲ್ಲಿ 1987ರಲ್ಲಿ ಆಲ್ಬಾ ಯೂಲಿಯಾ ನಗರದಲ್ಲಿ ಒಂದು ವಸತಿ ಕಟ್ಟಡವನ್ನು, ಒಳಗೆ ಜನ ಇದ್ದಂತೆಯೇ, ಪಕ್ಕಕ್ಕೆ ಸರಿಸಲಾಯಿತು. ಉಳಿದುಕೊಂಡ ಚರ್ಚುಗಳು ಕಣ್ಣಿಗೆ ಬೀಳಬಾರದೆಂದು ಅವುಗಳ ಮುಂದೆ ಎತ್ತರದ ಫ್ಲ್ಯಾಟುಗಳ ಸಾಲು ಎದ್ದಿತು. ಇಂದಿಗೂ ಮಿಹೈ ವೋದಾ ಚರ್ಚನ್ನು ನೋಡಬೇಕಾದರೆ ಆ ಕಟ್ಟಡಗಳ ಸಂದಿಯಲ್ಲಿ ನುಗ್ಗಿ ಹೋಗಬೇಕು.

ಅರಮನೆಯ ಶಂಕುಸ್ಥಾಪನೆ 1984ರ ಜೂನ್ 25ರಂದು ನಡೆಯಿತು. ಮುಖ್ಯ ವಾಸ್ತುಶಿಲ್ಪಿ ಆಂಕಾ ಪೆತ್ರೆಸ್ಕು; ಯೋಜನೆಯ ಸ್ಪರ್ಧೆಗೆ ಇಳಿದಾಗ ಆಕೆಗೆ ಮೂವತ್ತು ವರ್ಷವೂ ತುಂಬಿರಲಿಲ್ಲ. ಆಕೆಯ ಕೈಕೆಳಗೆ ಸುಮಾರು 700 ವಾಸ್ತುಶಿಲ್ಪಿಗಳು ಕೆಲಸ ಮಾಡಿದರು ಎನ್ನುತ್ತಾರೆ. ಆದರೆ ಅಂತಿಮ ವಿನ್ಯಾಸಕಾರ ಬೇರೆಯೇ ಒಬ್ಬ. ನಕ್ಷೆ ಓದಲು ಬಾರದ ಚೌಶೆಸ್ಕುವಿಗಾಗಿ ದೊಡ್ಡ ದೊಡ್ಡ ಮಾದರಿಗಳನ್ನು ತಯಾರಿಸಲಾಗುತ್ತಿತ್ತು; ವಾರವಾರವೂ ಎಂಬಂತೆ ಆತ ಸ್ಥಳಕ್ಕೆ ಬಂದು ಮೆಟ್ಟಿಲು ಬದಲಿಸಿ, ಕಂಬ ಬದಲಿಸಿ, ಇನ್ನೊಂದು ಅಂತಸ್ತು ಸೇರಿಸಿ ಎಂದು ಹೇಳಿ ಹೋಗುತ್ತಿದ್ದ. ಕಾಮಗಾರಿ ನಡೆಸಿದವರಿಗೆ ಈ ಮಾತಿನ ಅರ್ಥ ಗೊತ್ತಿರುತ್ತದೆ. ಕಟ್ಟಿದ್ದನ್ನು ಒಡೆದು ಮತ್ತೆ ಕಟ್ಟುವ ಕೆಲಸಕ್ಕೆ ಅಂದಾಜು ಪಟ್ಟಿಯೂ ಇರುವುದಿಲ್ಲ, ಮಿತಿಯೂ ಇರುವುದಿಲ್ಲ. ಈ ಕಟ್ಟಡಕ್ಕೆ ಒಟ್ಟು ಎಷ್ಟು ಹಣ ಹೋಯಿತು ಎಂಬುದಕ್ಕೆ ಇಂದಿಗೂ ಹಲವು ಉತ್ತರಗಳಿರುವುದು ಅದಕ್ಕೇ. ಸಾವಿರಾರು ಸೈನಿಕರೂ ಕಾರ್ಮಿಕರೂ ಹಗಲು ರಾತ್ರಿ ಮೂರು ಪಾಳಿಗಳಲ್ಲಿ ದುಡಿದರು. ಸೈನಿಕರ ದುಡಿಮೆಗೆ ಕೂಲಿಯ ಪ್ರಶ್ನೆ ಇರಲಿಲ್ಲ. ಎತ್ತರದಿಂದ ಬಿದ್ದು ಸತ್ತವರ ಬಗ್ಗೆ ಕೆಲಸಗಾರರು ಹೇಳುವ ಕಥೆಗಳಿವೆ. ಸಂಖ್ಯೆಯ ಮಾತು ಬಂದಾಗ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಆದ್ದರಿಂದ ಯಾವುದೋ ಒಂದು ದೊಡ್ಡ ಅಂಕಿಯನ್ನು ಎತ್ತಿಕೊಂಡು ಶೀರ್ಷಿಕೆ ಮಾಡಬೇಡಿ.

ಅದೇ ವರ್ಷಗಳಲ್ಲಿ ದೇಶ ಹೇಗಿತ್ತು ಎಂಬುದನ್ನು ಬಿಟ್ಟರೆ ಕಟ್ಟಡ ಅರ್ಥವಾಗುವುದಿಲ್ಲ. 1980ರ ದಶಕದ ಆರಂಭದಲ್ಲಿ ರೊಮೇನಿಯಾದ ವಿದೇಶಿ ಸಾಲ ಸುಮಾರು 1,000 ಕೋಟಿ ಡಾಲರ್ ಇತ್ತು. ಅದನ್ನು ಪೂರ್ತಿ ತೀರಿಸಿಯೇ ಬಿಡುತ್ತೇನೆಂದು ಹೊರಟ ಚೌಶೆಸ್ಕು ಮಾಂಸ, ಧಾನ್ಯ, ತೈಲ ಎಲ್ಲವನ್ನೂ ರಫ್ತಿಗೆ ಹಾಕಿದ. ಎಣ್ಣೆ, ಸಕ್ಕರೆ, ಎಷ್ಟೋ ಊರುಗಳಲ್ಲಿ ಬ್ರೆಡ್ ಕೂಡ ರೇಷನ್ ಕಾರ್ಡಿಗೆ ಬಂತು. ಒಳ್ಳೆಯ ಮಾಂಸವೆಲ್ಲ ಹೊರದೇಶಕ್ಕೆ ಹೋಗಿ ಅಂಗಡಿಯಲ್ಲಿ ಹಂದಿಯ ಕಾಲುಗಳಷ್ಟೇ ಉಳಿದಾಗ, ಅವಕ್ಕೆ ಜನ ‘ಅಡಿಡಾಸ್’ ಎಂದು ಹೆಸರಿಟ್ಟು ನಗುತ್ತಿದ್ದರು. ಚಳಿಗಾಲದಲ್ಲಿ ಮನೆಗಳ ಕಾವು ಕಡಿತವಾಗಿ ಒಳಗೂ ಕೋಟು ಹಾಕಿಕೊಂಡು ಕೂರಬೇಕಿತ್ತು, ಮಕ್ಕಳು ಕೈಗವಸು ತೊಟ್ಟು ಬರೆಯುತ್ತಿದ್ದರು. ದೂರದರ್ಶನದ ಪ್ರಸಾರ ವಾರದ ದಿನಗಳಲ್ಲಿ ಎರಡು ಗಂಟೆಗೆ ಇಳಿಯಿತು, ಅದರಲ್ಲೂ ನಾಯಕನ ಸುದ್ದಿಗೇ ದೊಡ್ಡ ಪಾಲು. ಮನೆಯ ಬಲ್ಬು ಮಂಕಾಗಿದ್ದ ಅದೇ ರಾತ್ರಿಗಳಲ್ಲಿ ದಿಬ್ಬದ ಮೇಲೆ ಫ್ಲಡ್‌ಲೈಟ್ ಹಾಕಿಕೊಂಡು ಕೆಲಸ ನಡೆಯುತ್ತಿತ್ತು. ಸಾಲ ತೀರಿತು ಎಂಬ ಘೋಷಣೆ 1989ರ ಏಪ್ರಿಲಿನಲ್ಲಿ ಹೊರಬಿತ್ತು. ಡಿಸೆಂಬರ್ 22ರಂದು ಚೌಶೆಸ್ಕು ಪಕ್ಷದ ಕೇಂದ್ರ ಸಮಿತಿಯ ಕಟ್ಟಡದ ತಾರಸಿಯಿಂದ ಹೆಲಿಕಾಪ್ಟರ್ ಹತ್ತಿ ಓಡಿದ. 25ರಂದು ತಿರ್ಗೊವಿಷ್ಟೆಯಲ್ಲಿ ಆತನನ್ನೂ ಹೆಂಡತಿ ಎಲೆನಾಳನ್ನೂ ಅವಸರದ ವಿಚಾರಣೆಯ ನಂತರ ಗುಂಡಿಕ್ಕಿ ಕೊಲ್ಲಲಾಯಿತು. ಅರಮನೆ ಆಗಿನ್ನೂ ಪೂರ್ತಿಯಾಗಿರಲಿಲ್ಲ.

ಅದನ್ನೇನು ಮಾಡಬೇಕಿತ್ತು? ಕೆಡವಿ ಎಂದವರಿದ್ದರು, ಜೂಜುಕೇಂದ್ರ ಮಾಡಿ ಎಂದವರೂ ಇದ್ದರು. ಕೆಡವದೆ ಮುಗಿಸಿದ್ದು ತಪ್ಪೆಂದು ನಾನು ಹೇಳಲಾರೆ. ಅಷ್ಟು ಜನರ ಬಾಯಿಂದ ಕಿತ್ತ ಅನ್ನ ಕಲ್ಲಾಗಿ ನಿಂತಿರುವಾಗ ಅದನ್ನು ಮತ್ತೊಮ್ಮೆ ಹುಡಿ ಮಾಡಲು ಹೊಸ ಸಾಲ ಎತ್ತುವುದು ಯಾವ ನ್ಯಾಯ? ಪ್ರಜಾಪ್ರತಿನಿಧಿಗಳ ಸದನವು 1990ರ ದಶಕದ ಮಧ್ಯದಲ್ಲಿ ಅಲ್ಲಿಗೆ ಬಂತು. ಒಂದು ರೆಕ್ಕೆಯಲ್ಲಿ 2004ರಲ್ಲಿ ಸಮಕಾಲೀನ ಕಲೆಯ ರಾಷ್ಟ್ರೀಯ ಸಂಗ್ರಹಾಲಯ ತೆರೆಯಿತು. 2005ರಲ್ಲಿ ಸೆನೆಟ್ ಕೂಡ ಬಂತು. ಅದು ಬಿಟ್ಟು ಬಂದ ಹಳೆಯ ಜಾಗ ಯಾವುದೆಂದರೆ, ಚೌಶೆಸ್ಕು ಹೆಲಿಕಾಪ್ಟರ್ ಹತ್ತಿದ ಆ ಕೇಂದ್ರ ಸಮಿತಿಯ ಕಟ್ಟಡವೇ. 2006ರ ಡಿಸೆಂಬರ್ 18ರಂದು ಅಧ್ಯಕ್ಷ ತ್ರಾಯನ್ ಬಸೆಸ್ಕು ಇದೇ ಅರಮನೆಯಲ್ಲಿ, ಸಂಸತ್ತಿನ ಜಂಟಿ ಅಧಿವೇಶನದ ಮುಂದೆ, ಕಮ್ಯುನಿಸ್ಟ್ ಆಡಳಿತವನ್ನು ಅಪರಾಧಿ ಆಡಳಿತವೆಂದು ಅಧಿಕೃತವಾಗಿ ಖಂಡಿಸಿದರು. ಕೆಲವು ಸದಸ್ಯರು ಸಿಳ್ಳೆ ಹಾಕಿ ಕೂಗಾಡಿ ಅಡ್ಡಿಪಡಿಸಿದರು. ಆ ಅವಧಿಯ ಸಂಸತ್ತಿನಲ್ಲಿ ಒಬ್ಬ ಪ್ರತಿನಿಧಿಯಾಗಿ ಆಂಕಾ ಪೆತ್ರೆಸ್ಕು ಕೂಡ ಇದ್ದರು, ತಾವೇ ಕಟ್ಟಿಸಿದ ಸೂರಿನ ಕೆಳಗೆ. ಈ ವಿಚಿತ್ರವೆಲ್ಲ ಪ್ರಜಾಪ್ರಭುತ್ವದ ಪಾಲಿಗೆ ಬರುವಂಥದ್ದೇ. ಅರಮನೆಯ ಹಿಂಬದಿಯಲ್ಲಿ ಈಗ ಅದಕ್ಕಿಂತಲೂ ಎತ್ತರವಾಗಿ ಎದ್ದಿರುವ, 2018ರ ನವೆಂಬರ್ 25ರಂದು ಪವಿತ್ರೀಕರಣಗೊಂಡ ಬೃಹತ್ ಆರ್ಥೊಡಾಕ್ಸ್ ಕ್ಯಾಥೆಡ್ರಲ್ ಬಗ್ಗೆ ಮಾತ್ರ ನನಗೆ ಅಷ್ಟು ಸಮಾಧಾನವಿಲ್ಲ. ಕೆಡವಿದ ಚರ್ಚುಗಳಿಗೆ ಅದು ಪರಿಹಾರ ಎಂಬ ವಾದವಿದೆ. ಭಾರೀ ಗಾತ್ರಕ್ಕೆ ಇನ್ನೂ ಭಾರೀ ಗಾತ್ರದಿಂದ ಉತ್ತರ ಕೊಟ್ಟರೆ, ಹಿತ್ತಿಲು ಕಳೆದುಕೊಂಡ ಮನೆಯವರಿಗೆ ಅದರಿಂದ ಏನು ಬಂತು ಎಂದು ನಾನು ಕೇಳುತ್ತೇನೆ.

ಬೇರೆ ದೇಶಗಳೂ ಈ ಬಗೆಯ ಪಿತ್ರಾರ್ಜಿತದ ಜೊತೆ ಹೆಣಗಾಡಿವೆ. ಸ್ಪೇನ್ ಬೆಟ್ಟ ಕೊರೆದು ಕಟ್ಟಿದ ಸ್ಮಾರಕದಿಂದ ಸರ್ವಾಧಿಕಾರಿ ಫ್ರಾಂಕೋನ ಅವಶೇಷಗಳನ್ನು 2019ರ ಅಕ್ಟೋಬರ್ 24ರಂದು ಹೊರತೆಗೆದು ಬೇರೊಂದು ಸ್ಮಶಾನಕ್ಕೆ ಸಾಗಿಸಿತು. ಬಲ್ಗೇರಿಯಾ ತನ್ನ ಬುಜ್ಲುಜಾ ಶಿಖರದ ಮೇಲಿನ ಕಮ್ಯುನಿಸ್ಟ್ ಪಕ್ಷದ ಭವನವನ್ನು ಮಳೆ ಹಿಮಕ್ಕೆ ಬಿಟ್ಟು ದಶಕಗಳ ಕಾಲ ಕೊಳೆಯಗೊಟ್ಟಿತು. ನನಗೆ ಹೆಚ್ಚು ಹಿಡಿಸಿದ್ದು ಜರ್ಮನಿಯ ನ್ಯೂರೆಂಬರ್ಗಿನ ದಾರಿ. ಅಲ್ಲಿ ನಾಜಿಗಳು ತಮ್ಮ ಪಕ್ಷದ ಸಮಾವೇಶಕ್ಕೆಂದು ಕಟ್ಟಲು ಹೊರಟು ಅರ್ಧಕ್ಕೆ ಬಿಟ್ಟ ಕಾಂಗ್ರೆಸ್ ಭವನದ ಒಂದು ಭಾಗದಲ್ಲಿ 2001ರಲ್ಲಿ ಆ ಕಾಲದ ಇತಿಹಾಸ ತಿಳಿಸುವ ದಾಖಲೆಗಳ ಕೇಂದ್ರ ತೆರೆದಾಗ, ವಾಸ್ತುಶಿಲ್ಪಿ ಗ್ಯುಂಥರ್ ಡೊಮೆನಿಗ್ ಆ ಗ್ರಾನೈಟ್ ಮತ್ತು ಇಟ್ಟಿಗೆಯ ರಾಶಿಯನ್ನು ಮೂಲೆಯಿಂದ ಮೂಲೆಗೆ ಸೀಳಿಕೊಂಡು ಹೋಗುವ ಗಾಜು ಉಕ್ಕಿನ ಓಣಿಯೊಂದನ್ನು ಚುಚ್ಚಿಬಿಟ್ಟ. ನೇರ ಕೋನಗಳ ಆ ಕಟ್ಟಡದಲ್ಲಿ ಓಣಿ ಓರೆಯಾಗಿ ಹೋಗುತ್ತದೆ. ಕತ್ತರಿಸಿದ ಗೋಡೆಯ ಒಳಗಿನ ಬರಿಯ ಇಟ್ಟಿಗೆ ಕಾಣುತ್ತದೆ. ಹೊರಮೈಯ ಕಲ್ಲಿನ ಗಾಂಭೀರ್ಯವೆಲ್ಲ ತೆಳುವಾದ ಹೊದಿಕೆ ಎಂಬುದು ನೋಡುವವನಿಗೆ ಯಾರೂ ಹೇಳದೆ ತಿಳಿಯುತ್ತದೆ. ಎಡವೋ ಬಲವೋ ಎಂಬ ಜಗಳಕ್ಕೆ ಇಲ್ಲಿ ಜಾಗವಿಲ್ಲ. ಸರ್ವಾಧಿಕಾರಿಗಳ ಕಟ್ಟಡಗಳು ಎಲ್ಲ ಬಣ್ಣದವರಲ್ಲೂ ಒಂದೇ ಮಾತನ್ನು ಹೇಳುತ್ತವೆ, ನೀನು ಚಿಕ್ಕವನು ಎಂದು.

ನಿಮ್ಮಲ್ಲಿ ಕೆಲವರು ಒಂದು ಆಕ್ಷೇಪ ಎತ್ತಬಹುದು, ಅದು ನ್ಯಾಯವಾದ ಆಕ್ಷೇಪವೇ. ಗೋಳಗುಮ್ಮಟವನ್ನೂ ಹಂಪಿಯನ್ನೂ ಕೂಲಿಯಾಳುಗಳ ಬೆವರು ಕೇಳದೆ ಹೊಗಳುವ ನಾವು ಬುಕಾರೆಸ್ಟಿಗೆ ಮಾತ್ರ ಬೇರೆ ನಿಯಮ ಹಾಕುವುದು ಏಕೆ? ಮೊದಲನೆಯ ಉತ್ತರ, ಹಂಪಿಯಲ್ಲೂ ಕೇಳಬೇಕು ಎಂಬುದು. ಎರಡನೆಯದು, ಕಾಲ. ಉರಾನುಸಿನಲ್ಲಿ ಹುಟ್ಟಿ ಬೆಳೆದು ಮನೆ ಕಳೆದುಕೊಂಡವರು ಇಂದಿಗೂ ಬದುಕಿದ್ದಾರೆ. ಮುಗ್ಧ ಬೆರಗಿನ ನಿಮ್ಮ ವಿಡಿಯೋ ಅವರ ಮೊಮ್ಮಕ್ಕಳ ಮೊಬೈಲಿಗೂ ಹೋಗಬಹುದು. ಮೂರನೆಯದನ್ನು ನಮ್ಮದೇ ವಿಧಾನಸೌಧ ಹೇಳುತ್ತದೆ. ಅದೂ ದೊಡ್ಡ ಕಟ್ಟಡ, ಅಧಿಕಾರದ ಠೀವಿಗಾಗಿಯೇ ಕಟ್ಟಿದ್ದು, ಅದರ ಕೆಲಸದಲ್ಲಿ ಕೈದಿಗಳೂ ದುಡಿದಿದ್ದಾರೆ. ಆದರೆ ಖರ್ಚು ಹಿಗ್ಗಿದಾಗ ಸದನದಲ್ಲಿ ಪ್ರಶ್ನೆ ಕೇಳುವವರಿದ್ದರು, ಪತ್ರಿಕೆಗಳು ಬರೆದವು, ವಿಚಾರಣೆಯೂ ಆಯಿತು. ಅದನ್ನು ಕಟ್ಟಿಸಿದ ಕೆಂಗಲ್ ಹನುಮಂತಯ್ಯನವರು 1956ರಲ್ಲಿ ಸದಸ್ಯರ ಬೆಂಬಲ ಕಳೆದುಕೊಂಡು, ಉದ್ಘಾಟನೆಗೂ ಮುಂಚೆಯೇ ಮುಖ್ಯಮಂತ್ರಿ ಕುರ್ಚಿಯಿಂದ ಇಳಿಯಬೇಕಾಯಿತು. ಆ ಟೀಕೆಯಲ್ಲಿ ಎಷ್ಟು ನ್ಯಾಯವಿತ್ತು ಎಂಬುದು ಬೇರೆ ಚರ್ಚೆ. ಕಟ್ಟಿಸುವವನನ್ನು ನಿಲ್ಲಿಸಿ ಲೆಕ್ಕ ಕೇಳುವ ಅವಕಾಶ ಇಲ್ಲಿತ್ತು, ಅಲ್ಲಿರಲಿಲ್ಲ.

ಇನ್ನು ಆ ತಮಾಷೆಯ ಕಥೆಗಳು. ಚೌಶೆಸ್ಕು ಕುಳ್ಳನಾಗಿದ್ದರಿಂದ ಆತನ ಹೆಜ್ಜೆಗೆ ಹೊಂದುವಂತೆ ಮೆಟ್ಟಿಲುಗಳನ್ನು ಮತ್ತೆ ಮತ್ತೆ ಒಡೆದು ಕಟ್ಟಿದರಂತೆ, ಯಾರಾದರೂ ಕೊಳವೆಯಲ್ಲಿ ವಿಷಗಾಳಿ ಬಿಟ್ಟಾರೆಂಬ ಭಯದಿಂದ ಏರ್ ಕಂಡಿಷನ್ ಹಾಕಿಸಲಿಲ್ಲವಂತೆ. ಅರಮನೆಯ ಬಗ್ಗೆ ಬರೆದ ಎಲ್ಲೆಡೆ ಇವು ಸಿಗುತ್ತವೆ. ನಿಜವೇ ಇರಬಹುದು, ಬೆಳೆದ ಕಥೆಯೂ ಇರಬಹುದು. ಸರ್ವಾಧಿಕಾರಿಯನ್ನು ನೋಡಿ ನಗುವ ಹಕ್ಕು ಆತನ ಕೈಕೆಳಗೆ ನರಳಿದವರಿಗೆ ಖಂಡಿತ ಇದೆ. ಹಂದಿಕಾಲಿಗೆ ಅಡಿಡಾಸ್ ಎಂದವರ ನಗುವಿಗೆ ಬೆಲೆ ತೆತ್ತವರ ಧೈರ್ಯವಿತ್ತು. ಪ್ರವಾಸಿಯ ಬಾಯಲ್ಲಿ ಅದೇ ನಗು ಆತನನ್ನು ಒಬ್ಬ ವಿಲಕ್ಷಣ ಮುದುಕನನ್ನಾಗಿ ಮಾಡಿಬಿಡುತ್ತದೆ, ಇಡೀ ಯಂತ್ರವನ್ನು ಮರೆಸುತ್ತದೆ. ಮೆಟ್ಟಿಲು ಒಡೆಯಲು ಹೇಳಿದವನೊಬ್ಬ. ತಲೆಯಾಡಿಸಿ ಒಡೆಸಿದ ಎಂಜಿನಿಯರುಗಳು, ನಕ್ಷೆ ತಿದ್ದಿದವರು, ಮನೆ ಖಾಲಿ ಮಾಡಿಸಿದ ಅಧಿಕಾರಿಗಳು, ಕೂಗೆತ್ತಿದವರ ಹೆಸರು ಬರೆದುಕೊಂಡ ಗುಪ್ತ ಪೊಲೀಸರು ಸಾವಿರಾರು ಜನ. ನನ್ನ ವೃತ್ತಿಯವರ ಪಾಲು ಇದರಲ್ಲಿ ಸಣ್ಣದಲ್ಲ ಎಂಬುದು ನನಗೆ ಕಸಿವಿಸಿಯ ಸಂಗತಿ.

ಆದ್ದರಿಂದ ನನ್ನ ಕೋರಿಕೆ ಇಷ್ಟು. ಬುಕಾರೆಸ್ಟಿಗೆ ಹೋದರೆ ಅರಮನೆಯನ್ನು ನೋಡಿ, ಒಳಗೂ ಹೋಗಿ. ಗುರುತಿನ ಚೀಟಿಯಾಗಿ ಪಾಸ್‌ಪೋರ್ಟ್ ಜೊತೆಗಿರಲಿ. ಹೊರಬಂದ ಮೇಲೆ ಊನಿರಿ ಬುಲೆವಾರ್ಡಿನಲ್ಲಿ ಫೋಟೋ ತೆಗೆಯುವಾಗ, ಮೂರು ಕಿಲೋಮೀಟರಿಗೂ ಉದ್ದದ ಆ ನೇರ ಬೀದಿಯ ಹಳೆಯ ಹೆಸರು ಸಮಾಜವಾದದ ವಿಜಯ ಎಂದಿತ್ತು, ಅದರ ಉದ್ದಕ್ಕೂ ಬೇರೆ ಬೀದಿಗಳು ಇದ್ದವು ಎಂದು ಒಂದು ಸಾಲು ಸೇರಿಸಿ. ಅಲ್ಲಿಂದ ನದಿಯ ಕಡೆಗೆ ತಿರುಗಿ ಫ್ಲ್ಯಾಟುಗಳ ಹಿಂದೆ ಅಡಗಿರುವ ಮಿಹೈ ವೋದಾ ಚರ್ಚಿನವರೆಗೆ ನಡೆಯಿರಿ. ಅದು ಮೊದಲು ಎಲ್ಲಿತ್ತು, ಎಷ್ಟು ದೂರ ಬಂತು ಎಂದು ಓದುಗರಿಗೆ ತಿಳಿಸಿ. ಸಮಯವಿದ್ದರೆ, ವಕರೆಷ್ಟಿ ಮಠದ ಹೆಸರನ್ನೇ ಹೊತ್ತಿರುವ, ಅರ್ಧಕ್ಕೆ ನಿಂತ ಜಲಾಶಯದ ಹೊಂಡದಲ್ಲಿ ತಾನಾಗಿ ಬೆಳೆದು 2016ರಲ್ಲಿ ಸಂರಕ್ಷಿತ ಪ್ರಕೃತಿ ಉದ್ಯಾನವಾದ ಜೌಗು ಪ್ರದೇಶಕ್ಕೂ ಹೋಗಿ. ಅಮೃತಶಿಲೆಯ ಘನ ಮೀಟರುಗಳನ್ನು ನಕಲು ಮಾಡುವ ಮುನ್ನ ಒಮ್ಮೆ ಭಾಗಾಕಾರ ಹಾಕಿ ನೋಡಿ. ಉರಾನುಸ್ ಎಂಬ ಹೆಸರು ಮೊದಲ ಪ್ಯಾರಾದಲ್ಲಿ ಬರಲಿ, ತೂಕ ಆಮೇಲೆ ಬರಲಿ, ಬರದೇ ಇದ್ದರೂ ನಡೆಯುತ್ತದೆ.

ಇಂತಿ ನಿಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಎಂಜಿನಿಯರ್, ಮೈಸೂರು